ಶಾಲಿನ ಜೊತೆಗೆ ಒಂದು ಪಾತ್ರಪಟ್ಟಿಯೂ ಇರಲಿ: ಕರಾವಳಿಯ ಸನ್ಮಾನ ಸಮಿತಿಗಳಿಗೆ ಬಹಿರಂಗ ಪತ್ರ

ಗೆ,
ದಕ್ಷಿಣ ಕನ್ನಡ ಮತ್ತು ಉಡುಪಿ ಜಿಲ್ಲೆಗಳ ಸನ್ಮಾನ ಸಮಿತಿಗಳ ಅಧ್ಯಕ್ಷರು, ಕಾರ್ಯದರ್ಶಿಗಳು ಹಾಗೂ ಸದಸ್ಯರಿಗೆ,
ಮತ್ತು ಎರಡೂ ಜಿಲ್ಲೆಗಳಲ್ಲಿ ಕಲೆ, ಸಂಸ್ಕೃತಿಯ ಹೊಣೆ ಹೊತ್ತಿರುವ ಅಧಿಕಾರಿಗಳಿಗೆ.

ವಿಷಯ: ಹಿರಿಯ ರಂಗ ಮತ್ತು ಚಿತ್ರ ನಟರ ವೃತ್ತಿದಾಖಲೆಯನ್ನು ಅವರು ಇರುವಾಗಲೇ ಸಿದ್ಧಪಡಿಸುವ ಬಗ್ಗೆ.

ಮಾನ್ಯರೇ,

ದೀಪಾವಳಿ ಕಳೆದು ನಾಟಕದ ಋತು ಶುರುವಾಯಿತೆಂದರೆ ನಮ್ಮಲ್ಲಿ ಸನ್ಮಾನದ ಋತುವೂ ಶುರು. ಬ್ರಹ್ಮಕಲಶೋತ್ಸವವಿರಲಿ, ಯುವಕ ಮಂಡಲದ ವಾರ್ಷಿಕೋತ್ಸವವಿರಲಿ, ನಾಟಕಕ್ಕೆ ಮೊದಲು ಇಲ್ಲವೇ ನಡುವೆ ವೇದಿಕೆಗೆ ಐದಾರು ಕುರ್ಚಿ ಬರುತ್ತವೆ. ಹಿರಿಯ ನಟರೊಬ್ಬರನ್ನು ಕೂರಿಸಿ, ಶಾಲು ಹೊದೆಸಿ, ಪೇಟ ತೊಡಿಸಿ, ಹಣ್ಣಿನ ಬುಟ್ಟಿ, ಸ್ಮರಣಿಕೆ ಕೊಟ್ಟು ಸನ್ಮಾನಪತ್ರ ಓದುತ್ತಾರೆ. ಸನ್ಮಾನದ ಬಗ್ಗೆ ನಮ್ಮ ತಕರಾರಿಲ್ಲ. ತಕರಾರು ಇರುವುದು ಆ ಪತ್ರದಲ್ಲಿ ಏನು ಬರೆದಿರುತ್ತದೆ ಎಂಬುದರ ಬಗ್ಗೆ.

ಯಾವ ಸನ್ಮಾನಪತ್ರ ತೆಗೆದು ನೋಡಿದರೂ ಸಾಲುಗಳು ಒಂದೇ. ಐದು ದಶಕಗಳ ಸುದೀರ್ಘ ಕಲಾಸೇವೆ, ನೂರಾರು ನಾಟಕ, ಸಾವಿರಾರು ಪ್ರದರ್ಶನ, ಕಲಾಮಾತೆಯ ವರಪುತ್ರ. ಆಮೇಲೆ ನಾಲ್ಕೈದು ಸಿನಿಮಾದ ಹೆಸರು, ಒಂದೆರಡು ಧಾರಾವಾಹಿಯ ಹೆಸರು. ಹೆಸರು ಬದಲಿಸಿದರೆ ಅದೇ ಪತ್ರ ಇನ್ನೊಬ್ಬ ನಟನಿಗೂ ಹೊಂದುತ್ತದೆ. ಸಿನಿಮಾದ ಹೆಸರು ಯಾಕೆ ಸಿಕ್ಕಿತು? ಅದಕ್ಕೆ ಶೀರ್ಷಿಕೆ ಪಟ್ಟಿ ಇದೆ, ಪೋಸ್ಟರ್ ಇದೆ, ದಿನಾಂಕ ಹಾಕಿದ ಸೆನ್ಸಾರ್ ಪ್ರಮಾಣಪತ್ರ ಇದೆ. ನಾಟಕದ ಹೆಸರು ಯಾಕೆ ಸಿಗಲಿಲ್ಲ? ಯಾರೂ ಬರೆದಿಡಲಿಲ್ಲ. ಹೀಗಾಗಿ ವೃತ್ತಿಯ ಒಂಬತ್ತು ಪಾಲು ‘ನೂರಾರು’ ಎಂಬ ಒಂದು ಶಬ್ದದೊಳಗೆ ಮುಗಿದು, ಒಂದು ಪಾಲಿಗೆ ಮಾತ್ರ ಹೆಸರು, ವರ್ಷ ದಕ್ಕುತ್ತದೆ.

ಇದು ದೊಡ್ಡ ನಟರನ್ನೂ ಬಿಟ್ಟಿಲ್ಲ. ಶಿವರಾಮ ಕಾರಂತರ 1933ರ ಕಾದಂಬರಿಯನ್ನು ಬಂಟ್ವಾಳ ತಾಲೂಕಿನ ಮಂಚಿಯಲ್ಲಿ ಹುಟ್ಟಿದ ಬಿ.ವಿ. ಕಾರಂತರು ‘ಚೋಮನ ದುಡಿ’ ಎಂಬ ಚಿತ್ರವಾಗಿಸಿದರು. ಚೋಮನ ಪಾತ್ರಕ್ಕೆ ಎಂ.ವಿ. ವಾಸುದೇವ ರಾವ್ ಅವರಿಗೆ 1975ರ ಸಾಲಿನ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ಬಂತು. ಎರಡು ವರ್ಷ ಕಳೆದು ಮೃಣಾಲ್ ಸೇನ್ ತಮ್ಮ ತೆಲುಗು ಚಿತ್ರ ‘ಒಕ ಊರಿ ಕಥ’ಕ್ಕೆ ಅವರನ್ನೇ ಮುಖ್ಯ ಪಾತ್ರಕ್ಕೆ ಕರೆದರು. ಈ ಎರಡು ಚಿತ್ರಗಳ ಬಗ್ಗೆ ಇವತ್ತು ಯಾರು ಬೇಕಾದರೂ ಹತ್ತು ನಿಮಿಷ ಮಾತಾಡಬಲ್ಲರು. ಅದಕ್ಕೂ ಮೊದಲು ಅವರು ದುಡಿದ ನಾಟಕ ರಂಗದ ವರ್ಷಗಳ ಬಗ್ಗೆ? ‘ವೃತ್ತಿರಂಗಭೂಮಿಯಲ್ಲಿ ಪಳಗಿದವರು’ ಎಂಬ ಒಂದು ವಾಕ್ಯ. ಚೋಮನ ಆ ಬೆನ್ನು, ಆ ನಡಿಗೆ, ದುಡಿಯ ಮೇಲೆ ಬೀಳುವ ಆ ಕೈ ಯಾವ ರಂಗದಲ್ಲಿ, ಯಾವ ಪಾತ್ರಗಳಿಂದ ಹದವಾಗಿ ಬಂತು ಎಂದು ಪಾತ್ರದಿಂದ ಪಾತ್ರಕ್ಕೆ ತೋರಿಸುವ ಪಟ್ಟಿ ನಟನಾ ವಿದ್ಯಾರ್ಥಿಯ ಕೈಗೆ ಸಿಗುವುದಿಲ್ಲ. ರಾಷ್ಟ್ರಪ್ರಶಸ್ತಿ ಬಂದವರ ಕತೆಯೇ ಹೀಗಾದರೆ ಕಿನ್ನಿಗೋಳಿಯದೋ ಕಾಪುವಿನದೋ ತಂಡವೊಂದರಲ್ಲಿ ನಲುವತ್ತು ವರ್ಷ ಪೋಷಕ ಪಾತ್ರ ಮಾಡಿದವರದು ಏನಾಗಬೇಡ?

ತುಳು ಚಿತ್ರರಂಗದ ಲೆಕ್ಕವನ್ನೂ ಇದರ ಪಕ್ಕದಲ್ಲಿಟ್ಟು ನೋಡಬೇಕು. ಮೊದಲ ತುಳು ಚಿತ್ರ ‘ಎನ್ನ ತಂಗಡಿ’ ಬಂದದ್ದು 1971ರಲ್ಲಿ. 1973ರಲ್ಲಿ ವಿಶುಕುಮಾರ್ ‘ಕೋಟಿ ಚೆನ್ನಯ’ ನಿರ್ದೇಶಿಸಿದರು. ಕೆ.ಎನ್. ಟೈಲರ್ ಅವರಂಥವರು ರಂಗ ಮತ್ತು ತೆರೆ ಎರಡರಲ್ಲೂ ಹೆಸರಾದರು. ಆಮೇಲೆ ಬಹಳ ಕಾಲ ತುಳು ಚಿತ್ರಗಳ ಸಂಖ್ಯೆ ತೀರಾ ಕಡಿಮೆ. 2011ರಲ್ಲಿ ರಂಗದ ಮೇಲೆ ಗೆದ್ದಿದ್ದ ‘ಒರಿಯರ್ದೊರಿ ಅಸಲ್’ ಚಿತ್ರವಾಗಿ ಗೆದ್ದ ಮೇಲೆ ಮತ್ತೆ ಚಿತ್ರಗಳು ಸಾಲುಗಟ್ಟಿದವು. ಈ ಎರಡು ಅಲೆಗಳ ನಡುವಿನ ವರ್ಷಗಳಲ್ಲಿ ನಟರು ಏನು ಮಾಡುತ್ತಿದ್ದರು? ನಾಟಕ ಆಡುತ್ತಿದ್ದರು. ಬಾಕಿಮಾರು ಗದ್ದೆಯಲ್ಲಿ, ಶಾಲೆಯ ಅಂಗಳದಲ್ಲಿ, ಮುಂಬಯಿಯ ತುಳು ಕನ್ನಡ ಸಂಘಗಳ ವೇದಿಕೆಯಲ್ಲಿ. ಇವತ್ತು ತೆರೆಯ ಮೇಲೆ ಕ್ಷಣದಲ್ಲಿ ನಗಿಸುವ ಕಲೆ ಅಲ್ಲಿಯ ಕಲಿಕೆ. ಸನ್ಮಾನಪತ್ರದಲ್ಲಿ ಆ ಕಾಲಕ್ಕೆ ಒಂದು ಸಾಲೂ ಇರುವುದಿಲ್ಲ.

ಯಕ್ಷಗಾನದವರ ಸ್ಥಿತಿ ಈ ವಿಷಯದಲ್ಲಿ ಎಷ್ಟೋ ವಾಸಿ. ಕಟೀಲು, ಮಂದಾರ್ತಿ, ಧರ್ಮಸ್ಥಳದ ಮೇಳಗಳಿಗೆ ದೇವಸ್ಥಾನದ ಕಚೇರಿ ಇದೆ, ಹರಕೆ ಆಟದ ಬುಕಿಂಗ್ ಇದೆ, ಮೇ ಕೊನೆಯ ಪತ್ತನಾಜೆ ದಿನಕ್ಕೆ ಮುಗಿಯುವ ತಿರುಗಾಟದ ಲೆಕ್ಕ ಇದೆ. ಕಲಾವಿದ ಎಷ್ಟು ವರ್ಷ ಯಾವ ಮೇಳದಲ್ಲಿದ್ದ ಎಂಬುದನ್ನು ಹುಡುಕಿದರೆ ತೆಗೆಯಬಹುದು. ಉಡುಪಿಯ ಯಕ್ಷಗಾನ ಕಲಾರಂಗದಂಥ ಸಂಸ್ಥೆಗಳು ಕಲಾವಿದರ ಯೋಗಕ್ಷೇಮವನ್ನೂ ನೋಡಿಕೊಳ್ಳುತ್ತವೆ. ನಾಟಕ ತಂಡದ ಕಚೇರಿ ಎಂದರೆ ಸಂಚಾಲಕರ ಮನೆಯ ಅಟ್ಟ. ಸಂಚಾಲಕರು ತೀರಿಕೊಂಡ ವರ್ಷದೊಳಗೆ ಮನೆ ರಿಪೇರಿಯಾಗುತ್ತದೆ, ಕಾಗದವೆಲ್ಲ ಗುಜರಿಗೆ ಹೋಗುತ್ತದೆ. ಮನೆಯವರನ್ನು ದೂರುವಂತಿಲ್ಲ. ಅದರ ಬೆಲೆ ಏನೆಂದು ಅವರಿಗೆ ಯಾರು ಹೇಳಿದ್ದಾರೆ?

ಆ ಅಟ್ಟದಲ್ಲಿ ಏನೇನಿರುತ್ತದೆ, ಯಾವುದು ಮುಖ್ಯ ಎಂದು ಹೇಳುವುದು ಈ ಪತ್ರದ ಒಂದು ಉದ್ದೇಶ. ಎಲ್ಲರೂ ಮೊದಲು ಫೋಟೋ ಹುಡುಕುತ್ತಾರೆ. ನಮ್ಮ ಮಟ್ಟಿಗೆ ಎಲ್ಲಕ್ಕಿಂತ ಬೆಲೆಬಾಳುವುದು ತಂಡದ ಲೆಕ್ಕದ ಪುಸ್ತಕ. ತಾರೀಕು, ಊರು, ಯಾರ ಸಂಘ, ಒಪ್ಪಿದ ಮೊತ್ತ, ವ್ಯಾನ್ ಬಾಡಿಗೆ, ಯಾವ ನಟನಿಗೆ ಎಷ್ಟು ಕೊಟ್ಟದ್ದು, ಎಲ್ಲ ಒಂದೇ ಸಾಲಿನಲ್ಲಿ ಇರುತ್ತದೆ. ‘ಸಾವಿರಾರು ಪ್ರದರ್ಶನ’ ಎಂಬುದನ್ನು ನಿಜವಾದ ಸಂಖ್ಯೆಯಾಗಿಸಬಲ್ಲ ವಸ್ತು ಇದೊಂದೇ. ಎರಡನೆಯದು ತೆರೆಮರೆಯಿಂದ ಮಾತು ನೆನಪಿಸುವ ಪ್ರಾಂಪ್ಟರ್ ಇಟ್ಟುಕೊಳ್ಳುತ್ತಿದ್ದ ಹಸ್ತಪ್ರತಿ. ಅಚ್ಚಾದ ನಾಟಕ ಪುಸ್ತಕಕ್ಕೂ ಇದಕ್ಕೂ ಅಜಗಜಾಂತರ. ಎಲ್ಲಿ ಮಾತು ಹೊಡೆದುಹಾಕಿದ್ದಾರೆ, ಯಾವ ಊರಲ್ಲಿ ಯಾವ ದೃಶ್ಯ ಬಿಟ್ಟಿದ್ದಾರೆ, ಎಲ್ಲಿ ಹಾಡು ಸೇರಿತು, ಯಾವ ನಟನ ಬದಲು ಯಾರು ಬಂದರು ಎಂಬುದು ಅಂಚಿನ ಗೀಚುಗಳಲ್ಲಿ ಇರುತ್ತದೆ. ಶುದ್ಧಪ್ರತಿ ಮಾಡಿಸಿ ಹಳೆಯದನ್ನು ಎಸೆಯುವವರಿದ್ದಾರೆ. ದಯವಿಟ್ಟು ಹಾಗೆ ಮಾಡಬೇಡಿ, ಅಂಚಿನ ಗೀಚೇ ನಾಟಕ.

ಆದರೆ ಹಸ್ತಪ್ರತಿಯೂ ಸಾಲದು. ಕಾರಣ ತುಳು ಹಾಸ್ಯ ನಾಟಕದ ಸ್ವಭಾವ. ಬರೆದ ಮಾತು ಅಲ್ಲಿ ಗೂಟವಿದ್ದ ಹಾಗೆ, ನಟ ಅದರ ಸುತ್ತ ಹಗ್ಗ ಎಳೆದಷ್ಟು ದೂರ ಓಡಾಡುತ್ತಾನೆ. ಮೊದಲ ಪ್ರಯೋಗದಲ್ಲಿ ಎರಡು ನಿಮಿಷವಿದ್ದ ದೃಶ್ಯ ನೂರನೆಯದಕ್ಕೆ ಹನ್ನೆರಡು ನಿಮಿಷವಾಗಿರುತ್ತದೆ. ಸೇರಿದ ಹತ್ತು ನಿಮಿಷದಲ್ಲಿ ಒಂದು ಮಾತೂ ಕಾಗದದ ಮೇಲಿಲ್ಲ, ಇಬ್ಬರು ನಟರ ನಡುವಿನ ಕೊಡುಕೊಳೆಯಲ್ಲಿ ಹುಟ್ಟಿ ಪ್ರೇಕ್ಷಕರ ನಗೆಯಿಂದ ಗಟ್ಟಿಯಾದದ್ದು. ಇಬ್ಬರಲ್ಲಿ ಒಬ್ಬ ಹೋದರೆ ಇನ್ನೊಬ್ಬನಿಗೆ ಅರ್ಧ ಮಾತ್ರ ನೆನಪಿರುತ್ತದೆ, ಏಕೆಂದರೆ ಅವನ ಉತ್ತರ ನೆನಪಾಗಬೇಕಾದರೆ ಮೊದಲು ಪ್ರಶ್ನೆ ಬರಬೇಕು.

ಬಹುಮುಖಿ ನಟ ಎಂದು ಸುಮ್ಮನೆ ಹೊಗಳುವ ಬದಲು ಆ ಬಹುಮುಖ ಎಲ್ಲಿದೆ ಎಂದು ತೋರಿಸುವುದಕ್ಕೂ ಇಂಥ ದಾಖಲೆ ಬೇಕು. ವೇದಿಕೆಯ ಮುಂದಂಚಿನಲ್ಲಿ ಎರಡು ಮೈಕು ನೇತುಹಾಕಿದ್ದ ಕಾಲದಲ್ಲಿ ನಟ ಮುಖ್ಯ ಮಾತಿಗೆ ಮುಂದೆ ಬರಲೇಬೇಕಿತ್ತು, ಚಲನೆಯೆಲ್ಲ ಅದಕ್ಕೆ ತಕ್ಕಂತೆ ಕಟ್ಟುತ್ತಿದ್ದರು. ಕಾಲರ್ ಮೈಕು ಬಂದ ಮೇಲೆ ಹಿಂದೆ ಕೂತು ಪಿಸುಗುಟ್ಟಬಹುದು. ರಂಗದ ಮೇಲೆ ನಗೆ ಎದ್ದರೆ ಮುಂದಿನ ಮಾತನ್ನು ಹಿಡಿದು ನಿಲ್ಲಿಸಬೇಕು, ಕ್ಯಾಮೆರಾದ ಮುಂದೆ ನಗುವವರೇ ಇಲ್ಲ, ಆ ತಡೆ ಹಾಗೇ ಉಳಿದರೆ ಸಂಕಲನಕಾರ ಕತ್ತರಿಸುತ್ತಾನೆ. ಡಬ್ಬಿಂಗಿನಲ್ಲಿ ತಿಂಗಳ ಹಿಂದಿನ ತನ್ನದೇ ತುಟಿಗೆ ಮಾತು ಕೂರಿಸಬೇಕು. ಇನ್ನೊಬ್ಬ ನಟನಿಗೆ ಕಂಠ ಕೊಟ್ಟಿದ್ದರೆ ಶೀರ್ಷಿಕೆಯಲ್ಲಿ ಹೆಸರೇ ಬರದಿರಬಹುದು, ಅದನ್ನು ಕೇಳಿಯೇ ಬರೆದುಕೊಳ್ಳಬೇಕು. ಇದರ ಮೇಲೆ ಭಾಷೆ. ಒಬ್ಬನೇ ನಟ ಮಂಗಳೂರಿನ ತುಳು, ಕುಂದಾಪ್ರ ಕನ್ನಡ, ಕೊಂಕಣಿ, ಬ್ಯಾರಿ, ಗ್ರಾಂಥಿಕ ಕನ್ನಡ ಎಲ್ಲ ಆಡಬಲ್ಲ. ಯಾವ ಪಾತ್ರಕ್ಕೆ ಯಾವ ಊರಿನ ಮಾತು ಬಳಸಿದ, ಅದನ್ನು ಯಾರ ಬಾಯಿಂದ ಎತ್ತಿಕೊಂಡ ಎಂಬುದು ಯಾವ ಪ್ರಶಸ್ತಿ ಫಲಕದ ಮೇಲೂ ಇರುವುದಿಲ್ಲ.

ಈಗ ವಸ್ತುಗಳ ಮಾತಿಗೆ ಬರೋಣ. ಇಲ್ಲಿ ಆತುರ ಇದೆ.

ನಮ್ಮ ಕರಾವಳಿಯಲ್ಲಿ ವರ್ಷಕ್ಕೆ 3,500 ಮಿಲಿಮೀಟರಿಗೂ ಹೆಚ್ಚು ಮಳೆ, ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ. ಗಾಳಿಯ ತೇವ ಶೇಕಡಾ 65 ದಾಟಿ ನಿಂತರೆ ಬೂಷ್ಟು ಬೆಳೆಯಲು ಸಾಕು, ನಮ್ಮಲ್ಲಿ ಮಳೆಗಾಲವಿಡೀ ಅದಕ್ಕಿಂತ ಮೇಲೆಯೇ. 1980, 90ರ ದಶಕಗಳಲ್ಲಿ ಮದುವೆ ವೀಡಿಯೋ ತೆಗೆಯುವವರೇ ನಾಟಕವನ್ನೂ ವಿಎಚ್‌ಎಸ್ ಟೇಪಿಗೆ ತೆಗೆದಿದ್ದಾರೆ. ಆ ಟೇಪಿನಲ್ಲಿ ಚಿತ್ರ ಇರುವುದು ಪಾಲಿಯೆಸ್ಟರ್ ಪಟ್ಟಿಯ ಮೇಲೆ ಅಂಟಿನಿಂದ ಹಿಡಿದ ಕಾಂತಪುಡಿಯ ಪದರದಲ್ಲಿ. ತೇವಕ್ಕೆ ಆ ಅಂಟು ಸಡಿಲವಾಗುತ್ತದೆ, ಬೂಷ್ಟು ಪದರವನ್ನೇ ತಿನ್ನುತ್ತದೆ. ಟೇಪಿನ ಡಬ್ಬಿಯ ಪಾರದರ್ಶಕ ಕಿಟಿಕಿಯಿಂದ ನೋಡಿದಾಗ ಸುರುಳಿಯ ಅಂಚಿನಲ್ಲಿ ಬಿಳಿ ಪುಡಿಯೋ ಜೇಡನ ಬಲೆಯಂಥ ಎಳೆಯೋ ಕಂಡರೆ ಅದನ್ನು ಯಂತ್ರಕ್ಕೆ ಹಾಕಲೇಬಾರದು. ಹಾಕಿದರೆ ಆ ಟೇಪು ಹರಿಯುವುದಷ್ಟೇ ಅಲ್ಲ, ವಿಸಿಆರ್‌ನ ಹೆಡ್ಡಿಗೆ ಮೆತ್ತಿದ ಬೂಷ್ಟು ಮುಂದಿನ ಒಳ್ಳೆಯ ಟೇಪಿಗೂ ಹತ್ತುತ್ತದೆ. ಅಂಥವನ್ನು ಬೇರೆ ಪ್ಲಾಸ್ಟಿಕ್ ಚೀಲದಲ್ಲಿ ಸಿಲಿಕಾ ಜೆಲ್ ಜೊತೆ ಮುಚ್ಚಿಟ್ಟು, ಬೂಷ್ಟು ಒಣಗಿದ ಮೇಲೆ ಬಲ್ಲವರ ಕೈಯಿಂದ ಸ್ವಚ್ಛ ಮಾಡಿಸಬೇಕು. ಬಿಸಿಲಿಗೆ ಇಡುವುದು ತಪ್ಪು, ಟೇಪು ಸೊಟ್ಟಗಾಗುತ್ತದೆ.

ಒಳ್ಳೆಯ ಸ್ಥಿತಿಯ ಟೇಪಾದರೆ ಮೊದಲ ಕೆಲಸ, ಡಬ್ಬಿಯ ಬೆನ್ನಿನ ಕಡೆ ಇರುವ ಸಣ್ಣ ಪ್ಲಾಸ್ಟಿಕ್ ತುಂಡನ್ನು ಮುರಿಯುವುದು. ಮುರಿದರೆ ಅದರ ಮೇಲೆ ಬೇರೆ ರೆಕಾರ್ಡ್ ಆಗದು. ಎಷ್ಟು ನಾಟಕಗಳ ಮೇಲೆ ಕ್ರಿಕೆಟ್ ಮ್ಯಾಚು ಕೂತಿದೆಯೋ ದೇವರಿಗೇ ಗೊತ್ತು. ಆಮೇಲೆ ಒಮ್ಮೆ ಪೂರ್ತಿ ಮುಂದೋಡಿಸಿ, ಹಿಂದೋಡಿಸಿ, ನಂತರ ನುಡಿಸಬೇಕು. ವರ್ಷಗಟ್ಟಲೆ ಒಂದೇ ಬಿಗಿಯಲ್ಲಿದ್ದ ಸುರುಳಿ ಸಡಿಲಗೊಳ್ಳಲು ಇದು ಬೇಕು. ಕಂಪ್ಯೂಟರಿಗೆ ಇಳಿಸುವಾಗ 576 ಸಾಲು, ಸೆಕೆಂಡಿಗೆ 25 ಚೌಕಟ್ಟು ಎಂಬ ಮೂಲ ಅಳತೆಯನ್ನೇ ಇಟ್ಟುಕೊಳ್ಳಿ. ‘ಎಚ್‌ಡಿ ಮಾಡಿಕೊಡುತ್ತೇವೆ’ ಎನ್ನುವವರ ಮಾತಿಗೆ ಮರುಳಾಗಬೇಡಿ, ಇಲ್ಲದ ವಿವರವನ್ನು ಯಾವ ತಂತ್ರಾಂಶವೂ ತರುವುದಿಲ್ಲ, ಮುಖ ಮೇಣದ ಗೊಂಬೆಯಾಗುತ್ತದೆ ಅಷ್ಟೆ. ಡಿವಿ ಎಂಬ ವೀಡಿಯೋ ಫೈಲಿನ ರೂಪದಲ್ಲಿ ಇಳಿಸಿದರೆ ಗಂಟೆಗೆ ಸುಮಾರು 13 ಜಿಬಿ, ಮೂರು ಗಂಟೆಯ ನಾಟಕಕ್ಕೆ 40 ಜಿಬಿ. ಈಗಿನ ಡಿಸ್ಕುಗಳಿಗೆ ಅದು ಏನೂ ಅಲ್ಲ. ಕಷ್ಟವಿರುವುದು ಯಂತ್ರದಲ್ಲಿ. ವಿಸಿಆರ್ ತಯಾರಿಸುತ್ತಿದ್ದ ಕೊನೆಯ ಕಂಪನಿ, ಜಪಾನಿನ ಫುನಾಯಿ, 2016ರ ಜುಲೈಯಲ್ಲಿ ತಯಾರಿ ನಿಲ್ಲಿಸಿತು. ಈಗ ಇರುವ ಯಂತ್ರಗಳು ಕೆಟ್ಟರೆ ಇನ್ನೊಂದು ಕೆಟ್ಟ ಯಂತ್ರದ ಬಿಡಿಭಾಗವೇ ಗತಿ.

ಆಡಿಯೋ ಕ್ಯಾಸೆಟ್ಟಿಗೂ ಇದೇ ನಿಯಮ. 90 ನಿಮಿಷದ ಸಿ-90 ಟೇಪು 60 ನಿಮಿಷದ ಸಿ-60ಕ್ಕಿಂತ ತೆಳು, ಬೇಗ ಸಿಕ್ಕಿಕೊಳ್ಳುತ್ತದೆ, ಅವುಗಳಿಂದಲೇ ಶುರುಮಾಡಿ. 48 ಕಿಲೋಹರ್ಟ್ಸ್, 24 ಬಿಟ್ ವೇವ್ ಫೈಲಾಗಿ ಇಳಿಸಿದರೆ ಗಂಟೆಗೆ ಸುಮಾರು 1 ಜಿಬಿ. ಎಂಪಿ3 ಬೇಕಾದರೆ ಅದರಿಂದ ಆಮೇಲೆ ಮಾಡಿಕೊಳ್ಳಬಹುದು, ತಿರುಗಾ ಮುರುಗಾ ಆಗದು. ಮಾರಾಟಕ್ಕೆ ಬಂದಿದ್ದ ತುಳು ನಾಟಕಗಳ ವಿಸಿಡಿಗಳು ನಿಮ್ಮ ಮನೆಯಲ್ಲೂ ಇರಬಹುದು. ಒಂದು ಡಿಸ್ಕಿಗೆ 80 ನಿಮಿಷ ಮಾತ್ರವಾದ್ದರಿಂದ ಒಂದು ನಾಟಕಕ್ಕೆ ಎರಡೋ ಮೂರೋ ಡಿಸ್ಕು ಇರುತ್ತದೆ, ಕೊನೆಯದು ಕಾಣೆಯಾಗಿರುತ್ತದೆ. ಎರಡು ಮನೆಯ ಉಳಿದ ಡಿಸ್ಕುಗಳನ್ನು ಸೇರಿಸಿದರೆ ನಾಟಕ ಪೂರ್ತಿಯಾದೀತು. ಇಂಥ ಹೊಂದಾಣಿಕೆ ಮಾಡಲು ಊರಿಗೊಂದು ಸಮಿತಿಯೇ ಬೇಕು, ಒಬ್ಬರಿಂದ ಆಗದು.

ಫೋಟೋಗಳ ವಿಷಯದಲ್ಲಿ ಆಗುವ ಅನಾಹುತ ಹೆಚ್ಚಾಗಿ ಪ್ರೀತಿಯಿಂದಲೇ ಆಗುತ್ತದೆ. ಲ್ಯಾಮಿನೇಷನ್ ಮಾಡಿಸುತ್ತಾರೆ, ಒಳಗೆ ಸಿಕ್ಕಿಬಿದ್ದ ತೇವ ಚಿತ್ರವನ್ನು ಕೊಳೆಸುತ್ತದೆ. ಸೆಲೋಟೇಪು ಹಚ್ಚುತ್ತಾರೆ, ಹಳದಿ ಕಲೆ ಶಾಶ್ವತ. ಪಿನ್ನು, ಸ್ಟೇಪ್ಲರ್ ನಮ್ಮ ಉಪ್ಪುಗಾಳಿಗೆ ಎರಡೇ ಮಳೆಗಾಲದಲ್ಲಿ ತುಕ್ಕು. ಗಾಜಿಗೆ ಅಂಟಿದ ಫೋಟೋವನ್ನು ಎಳೆದು ತೆಗೆಯಬೇಡಿ, ಗಾಜಿನ ಮೇಲಿಂದಲೇ ಸ್ಕ್ಯಾನ್ ಮಾಡಿ. 600 ಡಿಪಿಐ, ಟಿಫ್ ಫೈಲು. ಬೆನ್ನಿನ ಮೇಲೆ ಬಾಲ್‌ಪೆನ್ನಿನಲ್ಲಿ ಬರೆದರೆ ಅಚ್ಚು ಮುಂದಕ್ಕೆ ಮೂಡುತ್ತದೆ, ಮೆತ್ತನೆಯ ಪೆನ್ಸಿಲ್ ಬಳಸಬೇಕು. ಎಡದಿಂದ ಬಲಕ್ಕೆ ಯಾರ್ಯಾರು ಎಂದು ನಟರ ಎದುರಿಗೇ ಕೇಳಿ ಬರೆದುಕೊಳ್ಳಿ. ವೇಷದಲ್ಲಿರುವ ಮುಖವನ್ನು ಮಕ್ಕಳು ಗುರುತಿಸುವುದಿಲ್ಲ.

ಕರಪತ್ರಗಳ ಕಷ್ಟ ಬೇರೆ: ನಮ್ಮ ಕಡೆಯ ಕರಪತ್ರದಲ್ಲಿ ತಾರೀಕು, ವಾರ, ‘ರಾತ್ರಿ ಗಂಟೆ 9-30ಕ್ಕೆ ಸರಿಯಾಗಿ’ ಎಲ್ಲ ಇರುತ್ತದೆ, ವರ್ಷ ಇರುವುದಿಲ್ಲ. ಆದರೂ ಹಿಡಿಯಬಹುದು. ‘ತಾ. 14-2 ಶನಿವಾರ’ ಎಂದಿದ್ದರೆ ಅದು 1970, 1976, 1981, 1987, 1998 ಇವುಗಳಲ್ಲಿ ಒಂದು, ಇನ್ನೂ ಈಚಿನದಾದರೆ 2004, 2009 ಅಥವಾ 2015. ಇಷ್ಟಕ್ಕೆ ಇಳಿದ ಮೇಲೆ ಉಳಿದ ಸುಳಿವು ನೋಡಬೇಕು. ‘ಮೈಸೂರು ರಾಜ್ಯ’ ಎಂದಿದ್ದರೆ 1973ರ ನವೆಂಬರ್‌ಗಿಂತ ಹಿಂದಿನದು. ವಿಳಾಸದಲ್ಲಿ ಆರಂಕಿಯ ಪಿನ್ ಕೋಡ್ ಇದ್ದರೆ 1972ರ ಆಗಸ್ಟ್ ನಂತರದ್ದು. ‘ಉಡುಪಿ, ದ.ಕ.’ ಎಂದಿದ್ದರೆ ಬಹುಶಃ 1997ರ ಆಗಸ್ಟ್‌ಗಿಂತ ಮೊದಲಿನದು, ಉಡುಪಿ ದಕ್ಷಿಣ ಕನ್ನಡದಿಂದ ಬೇರೆ ಜಿಲ್ಲೆಯಾದದ್ದು ಆಗ. ಹಳೇ ಅಭ್ಯಾಸದಲ್ಲಿ ಆಮೇಲೂ ಹಾಗೆ ಅಚ್ಚು ಹಾಕಿಸಿದವರಿರಬಹುದಾದ್ದರಿಂದ ಇದೊಂದನ್ನೇ ನಂಬಬಾರದು. ಮಂಗಳೂರಿನ ದೂರವಾಣಿ ಸಂಖ್ಯೆ ಆರಂಕಿಯೋ ಏಳಂಕಿಯೋ, ಅಕ್ಷರ ಮೊಳೆ ಜೋಡಿಸಿದ್ದೋ ಕಂಪ್ಯೂಟರಿನದೋ, ಟಿಕೆಟ್ ದರ ಎಷ್ಟು, ಎಲ್ಲ ಸಾಕ್ಷಿ. ಕೊನೆಗೆ ಆ ತಾರೀಕಿನ ದಿನಪತ್ರಿಕೆ ನೋಡಬೇಕು. ಉದಯವಾಣಿ 1970ರಲ್ಲಿ ಮಣಿಪಾಲದಿಂದ ಶುರುವಾಯಿತು, ಅದಕ್ಕೂ ಹಿಂದಿನದಕ್ಕೆ ಮಂಗಳೂರಿನ ನವಭಾರತ. ಊರಿನ ಕಾರ್ಯಕ್ರಮಗಳ ಸಣ್ಣ ಸುದ್ದಿಯಲ್ಲಿ ತಂಡ, ನಾಟಕ, ಊರು ಮೂರೂ ಸಿಗುತ್ತವೆ. ಉಡುಪಿಯ ‘ರಂಗಭೂಮಿ’ ಸಂಸ್ಥೆ ನಡೆಸುತ್ತ ಬಂದಿರುವ ಕನ್ನಡ ನಾಟಕ ಸ್ಪರ್ಧೆಯಂಥವುಗಳ ಫಲಿತಾಂಶವಾದರೆ ನಟನ ಹೆಸರೂ ಸಿಗುತ್ತದೆ.

ಇಷ್ಟು ಸಿದ್ಧಮಾಡಿಕೊಂಡು ಆಮೇಲೆ ನಟರ ಬಳಿ ಕೂರಬೇಕು. ಬರಿಗೈಯಲ್ಲಿ ಹೋಗಿ ‘ನಿಮ್ಮ ರಂಗಪಯಣದ ಬಗ್ಗೆ ಹೇಳಿ’ ಎಂದರೆ ಅವರು ವೇದಿಕೆಯಲ್ಲಿ ಹತ್ತು ಸಲ ಹೇಳಿದ್ದನ್ನೇ ಹನ್ನೊಂದನೆಯ ಸಲ ಹೇಳುತ್ತಾರೆ. ಯಾವ ವರ್ಷ ಎಂದು ಕೇಳುವುದೂ ವ್ಯರ್ಥ. ಹಿರಿಯ ನಟರ ನೆನಪು ಊರು ಮತ್ತು ಜೊತೆನಟರ ಮೂಲಕ ತೆರೆದುಕೊಳ್ಳುತ್ತದೆ. ಫೋಟೋ, ಕರಪತ್ರ ಎದುರಿಗಿಟ್ಟು ‘ಈ ನಾಟಕ ಮೂಲ್ಕಿಯಲ್ಲಿ ಆಡಿದಾಗ ಇವರ ಪಾತ್ರ ಯಾರು ಮಾಡಿದ್ದು?’ ಎಂದು ಕೇಳಿ. ಜೊತೆನಟರು ಇದ್ದರೆ ಇಬ್ಬರನ್ನೂ ಒಟ್ಟಿಗೆ ಕೂರಿಸಿ ದೃಶ್ಯವನ್ನೇ ಕೂತಲ್ಲೇ ಆಡಿಸಿ, ಕಾಗದದಲ್ಲಿಲ್ಲದ ಆ ಹತ್ತು ನಿಮಿಷ ವಾಪಸು ಬರುವುದು ಹಾಗೆಯೇ. ಅವರು ತುಳುವಿನಲ್ಲಿ ಮಾತಾಡುವವರಾದರೆ ತುಳುವಿನಲ್ಲೇ ಕೇಳಿ. ಪುಸ್ತಕದ ಕನ್ನಡಕ್ಕೆ ಎಳೆದರೆ ಮಾತು ಗಟ್ಟಿಯಾಗುತ್ತದೆ, ನಟ ಮಾಯವಾಗುತ್ತಾನೆ.

ಒಂದು ಸಲಕ್ಕೆ ಒಂದೂವರೆ ಗಂಟೆ ಮೀರಬಾರದು, ಬೆಳಗಿನ ಹೊತ್ತು ಒಳ್ಳೆಯದು. ಫ್ಯಾನ್ ನಿಲ್ಲಿಸಿ. ಕಾಲರ್ ಮೈಕನ್ನು ಗಲ್ಲದಿಂದ ಒಂದು ಗೇಣು ಕೆಳಗೆ ಸಿಕ್ಕಿಸಿ, ಶಾಲು ಅಥವಾ ಚಿನ್ನದ ಸರ ಅದಕ್ಕೆ ಉಜ್ಜದಂತೆ ನೋಡಿ. ಮಳೆಗಾಲದಲ್ಲಿ ಶೀಟು ಹಾಕಿದ ಜಗಲಿಯಲ್ಲಿ ಮಾಡಿದ ರೆಕಾರ್ಡಿಂಗ್ ಕೇಳಲಿಕ್ಕೆ ಆಗುವುದಿಲ್ಲ. ಮುಗಿದ ದಿನವೇ ಐದೈದು ನಿಮಿಷಕ್ಕೆ ಒಂದು ಸಾಲಿನಂತೆ ಯಾವ ವಿಷಯ ಬಂತು ಎಂದು ಬರೆದಿಡಿ. ಪೂರ್ತಿ ಬರಹಕ್ಕಿಳಿಸಲು ಒಂದು ಗಂಟೆಯ ಮಾತಿಗೆ ಐದಾರು ಗಂಟೆ ಬೇಕಾಗುತ್ತದೆ, ಅದನ್ನು ನಿಧಾನವಾಗಿ ಮಾಡಬಹುದು. ಫೈಲುಗಳ ಮೂರು ಪ್ರತಿ ಇರಲಿ, ಒಂದು ಬೇರೆ ಊರಲ್ಲಿ. ವಾಟ್ಸಾಪಿನಲ್ಲಿ ಕಳಿಸಿದ್ದು ಪ್ರತಿಯಲ್ಲ, ಅದು ಕುಗ್ಗಿಸಿದ ನೆರಳು. ಯೂಟ್ಯೂಬಿಗೆ ಹಾಕಿದೆವಲ್ಲ ಎಂದು ಮೂಲವನ್ನು ಅಳಿಸುವುದು ನಮ್ಮಲ್ಲಿ ಅತಿ ಸಾಮಾನ್ಯವಾದ ತಪ್ಪು.

ನಟರಿಂದ ಲಿಖಿತ ಒಪ್ಪಿಗೆ ಬೇಕು. 1994ರ ತಿದ್ದುಪಡಿಯ ನಂತರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಪ್ರದರ್ಶಕರಿಗೆ ತಮ್ಮದೇ ಹಕ್ಕಿದೆ, ಈಗ ಅದರ ಅವಧಿ 50 ವರ್ಷ. ನಾಟಕಕಾರರ ಹಕ್ಕು ಬೇರೆ. ಯಾರು ಕೇಳಬಹುದು, ಎಲ್ಲಿ ಹಾಕಬಹುದು, ಹಣ ಬಂದರೆ ಯಾರಿಗೆ ಎಂದು ಒಂದು ಪುಟದಲ್ಲಿ ಸರಳ ಕನ್ನಡದಲ್ಲಿ ಬರೆದು, ಓದಿ ಹೇಳಿ, ಸಹಿ ಪಡೆದು, ಒಂದು ಪ್ರತಿ ಅವರಿಗೇ ಕೊಡಿ.

ಇದರಿಂದ ಹೊಟ್ಟೆಪಾಡಿನ ಪ್ರಯೋಜನವೂ ಇದೆ. ಸರಕಾರದ ಕಲಾವಿದರ ಮಾಸಾಶನಕ್ಕೆ ಅರ್ಜಿ ಹಾಕುವವರು 58 ದಾಟಿದ್ದರಷ್ಟೇ ಸಾಲದು, ಕಲಾಸೇವೆಯ ದಾಖಲೆಯನ್ನೂ ಕೊಡಬೇಕು. ನಾಟಕದವರಲ್ಲಿ ಸ್ಮರಣಿಕೆ ಬೇಕಾದಷ್ಟಿರುತ್ತದೆ, ಶೋಕೇಸಿನ ಮೂರು ಸಾಲು ತುಂಬ, ಹಳೆಯ ವರ್ಷಗಳಿಗೆ ಕಾಗದ ಮಾತ್ರ ಒಂದೂ ಇರುವುದಿಲ್ಲ. ನಾಯಕ ನಟರ ಹೆಸರು ಕರಪತ್ರದಲ್ಲಿ ಅಚ್ಚಾಗಿದೆ, ಪೋಷಕ ಪಾತ್ರದವರದು ‘ಮತ್ತು ಬಳಗ’ ಎಂಬುದರಲ್ಲಿ ಸೇರಿಹೋಗಿದೆ. ಸ್ತ್ರೀಪಾತ್ರ ಮಾಡುತ್ತಿದ್ದ ಗಂಡಸರು, ಆಮೇಲೆ ರಂಗಕ್ಕೆ ಬಂದ ಮಹಿಳೆಯರು, ಇವರಿಗೆ ಇನ್ನೂ ಕಷ್ಟ. ಮದುವೆಯಾಗಿ ಹೆಸರು ಬದಲಾದ ನಟಿಗೆ ಹಳೆಯ ಕರಪತ್ರದ ಹೆಸರು ತನ್ನದೇ ಎಂದು ಸಾಬೀತು ಮಾಡುವುದು ಸುಲಭವಲ್ಲ. ತಂಡದ ಲೆಕ್ಕದ ಪುಸ್ತಕದ ಒಂದು ಪುಟ ಇವರಿಗೆಲ್ಲ ಹತ್ತು ಶಾಲಿಗಿಂತ ಹೆಚ್ಚು ಉಪಕಾರಿ.

ಆದುದರಿಂದ ಸಮಿತಿಗಳಲ್ಲಿ ನಮ್ಮ ವಿನಂತಿ ಹೀಗಿದೆ. ಸನ್ಮಾನಿತರ ಹೆಸರನ್ನು ಕಾರ್ಯಕ್ರಮಕ್ಕೆ ಹದಿನೈದು ದಿನ ಇರುವಾಗ ನಿಶ್ಚಯಿಸುವ ಬದಲು ಎರಡು ತಿಂಗಳು ಮೊದಲು ನಿಶ್ಚಯಿಸಿ. ಸಮಿತಿಯ ಇಬ್ಬರನ್ನು ಅವರ ಮನೆಗೆ ಮೂರು ನಾಲ್ಕು ಸಲ ಕಳಿಸಿ. ಸನ್ಮಾನಪತ್ರಕ್ಕೆ ಒಂದು ಪಾತ್ರಪಟ್ಟಿ ಲಗತ್ತಿಸಿ: ನಾಟಕ, ಬರೆದವರು, ನಿರ್ದೇಶಕರು, ತಂಡ, ಪಾತ್ರ, ಭಾಷೆ, ಆಡಿದ ಕಾಲ, ಮುಖ್ಯ ಜೊತೆನಟರು, ಆ ಮಾಹಿತಿ ಎಲ್ಲಿಂದ ಸಿಕ್ಕಿತು ಎಂಬ ಒಂದು ಕಲಮು. ಗೊತ್ತಿಲ್ಲದ ಜಾಗ ಖಾಲಿ ಬಿಡಿ, ಊಹಿಸಿ ತುಂಬಬೇಡಿ. ನೂರು ನಾಟಕದ ಬದಲು ಹದಿನೇಳೇ ಸಿಕ್ಕಿದರೆ ಹದಿನೇಳನ್ನೇ ಓದಿ, ನಟನಿಗೆ ಅದರಿಂದ ಅವಮಾನವಾಗುವುದಿಲ್ಲ. ಖರ್ಚು? ಸ್ವಾಗತದ ಫ್ಲೆಕ್ಸುಗಳಲ್ಲಿ ನಾಲ್ಕು ಕಡಿಮೆ ಮಾಡಿ ನೋಡಿ. ಅದರಲ್ಲಿ ಹೇಗೂ ಸನ್ಮಾನಿತರ ಮುಖಕ್ಕಿಂತ ಸಮಿತಿಯವರ ಮುಖವೇ ದೊಡ್ಡದಿರುತ್ತದೆ.

ಅಧಿಕಾರಿಗಳಲ್ಲಿ ಕೇಳಿಕೊಳ್ಳುವುದು ಸ್ವಲ್ಪ ಹೆಚ್ಚಿನದು. ಜಿಲ್ಲೆಗೊಂದು ಕಡೆ, ಸರಿಯಾಗಿ ಓಡುವ ಎರಡು ವಿಸಿಆರ್, ಒಂದು ಕ್ಯಾಸೆಟ್ ಡೆಕ್, ಒಂದು ಸ್ಕ್ಯಾನರ್, ತೇವ ಹೀರುವ ಯಂತ್ರವಿರುವ ಒಂದು ಕೋಣೆ, ಕೆಲಸ ಬಲ್ಲ ಒಬ್ಬ ವ್ಯಕ್ತಿ, ಇಷ್ಟಿದ್ದರೆ ಸಮಿತಿಗಳು ತಂದುಕೊಟ್ಟದ್ದನ್ನು ಇಳಿಸಿಕೊಡಬಹುದು. ಕಾಲೇಜಿನ ಗ್ರಂಥಾಲಯವೂ ಆದೀತು. ಮಂಗಳೂರಿನ ಕುದ್ಮುಲ್ ರಂಗರಾವ್ ಪುರಭವನದಂಥ ಸಾರ್ವಜನಿಕ ಸಭಾಂಗಣಗಳ ಹಳೆಯ ಬುಕಿಂಗ್ ಪುಸ್ತಕಗಳು ಎಲ್ಲೆಲ್ಲಿ ಉಳಿದಿವೆಯೋ ಅವನ್ನು ವಿಲೇವಾರಿಗೆ ಮೊದಲು ಸ್ಕ್ಯಾನ್ ಮಾಡಿಸಿ, ಯಾವ ತಂಡ ಯಾವ ದಿನ ಆಡಿತು ಎಂಬುದಕ್ಕೆ ಅದಕ್ಕಿಂತ ತಟಸ್ಥ ಸಾಕ್ಷಿ ಬೇರಿಲ್ಲ. ಮಾಸಾಶನದ ಅರ್ಜಿಯಲ್ಲಿ, ಮೂಲ ಕರಪತ್ರ ಇಲ್ಲದವರಿಗೆ, ಲೆಕ್ಕದ ಪುಸ್ತಕದ ಪ್ರತಿ ಅಥವಾ ಇಬ್ಬರು ಜೊತೆ ಕಲಾವಿದರ ಸಹಿ ಇರುವ ಪಾತ್ರಪಟ್ಟಿಯನ್ನು ಪುರಾವೆಯಾಗಿ ಒಪ್ಪುವಂತೆ ಮೇಲಿನವರಿಗೆ ಶಿಫಾರಸು ಮಾಡಿ. ಸುಳ್ಳು ಪಟ್ಟಿ ಬರಬಹುದೆಂಬ ಅಂಜಿಕೆ ಸಹಜ. ಮೂಲ ಯಾವುದೆಂಬ ಕಲಮು ಇರುವುದು ಅದಕ್ಕಾಗಿಯೇ: ಪತ್ರಿಕೆಯ ತಾರೀಕು ಬರೆದಿದ್ದರೆ ಯಾರು ಬೇಕಾದರೂ ಹೋಗಿ ನೋಡಬಹುದು.

ತಂಡಗಳ ಸಂಚಾಲಕರಿಗೂ ಒಂದು ಮಾತು. ಹಳೆಯದು ಹೋಗಲಿ, ಈ ವರ್ಷದ ಕರಪತ್ರದಲ್ಲಾದರೂ ವರ್ಷ ಅಚ್ಚು ಹಾಕಿಸಿ. ‘ಮತ್ತು ಬಳಗ’ವನ್ನು ಬಿಡಿಸಿ ಎಲ್ಲರ ಹೆಸರು, ಪಾತ್ರ ಬರೆಯಿರಿ, ಬೆಳಕು, ಪ್ರಸಾಧನ, ರಂಗಸಜ್ಜಿಕೆಯವರದೂ ಸೇರಿಸಿ. ಋತು ಮುಗಿದಾಗ ಲೆಕ್ಕದ ಪುಸ್ತಕದ ಪುಟಗಳ ಫೋಟೋ ತೆಗೆದು ಎಲ್ಲ ಕಲಾವಿದರಿಗೂ ಕಳಿಸಿಬಿಡಿ.

ಈ ಸಾಲಿನ ನಾಟಕಗಳು ಮುಗಿದು ಮಳೆ ಹಿಡಿಯುವುದರೊಳಗೆ ಕನಿಷ್ಠ ಟೇಪುಗಳ ಕೆಲಸವನ್ನಾದರೂ ಶುರುಮಾಡಬೇಕೆಂದು ಕೋರುತ್ತೇವೆ. ಯಂತ್ರ ಹೊಂದಿಸುವುದಕ್ಕೆ, ಕರಪತ್ರಗಳ ವರ್ಷ ಹಿಡಿಯುವುದಕ್ಕೆ, ಒಪ್ಪಿಗೆ ಪತ್ರದ ಮಾದರಿ ಬರೆದುಕೊಡುವುದಕ್ಕೆ ನಾವು ಸಂಭಾವನೆಯಿಲ್ಲದೆ ಬರಲು ಸಿದ್ಧ. ವೇದಿಕೆಗೆ ಕರೆಯಬೇಕಾಗಿಲ್ಲ.

ಇತಿ,
ತಮ್ಮ ವಿಶ್ವಾಸಿಗಳು,
ಮಂಗಳೂರು ಮತ್ತು ಉಡುಪಿಯ ಕೆಲವು ರಂಗಕರ್ಮಿಗಳು, ನೇಪಥ್ಯ ಕೆಲಸಗಾರರು ಮತ್ತು ಧ್ವನಿಮುದ್ರಕರು